ಹೆಣ್ಣು ನೋಡಲು ಬಂದವರಿಗೆ ಡಿಸ್ಕೋ

ಆ ಪೆಟ್ಟಿಗೆ ನಮ್ಮನೆಗೆ ಬಂದಿದ್ದೇ ಯಾರಿಗೂ ಬೇಡವಾಗಿ. ಚಿಂತಾಮಣಿಯಲ್ಲಿ ನಮ್ಮ ಸೋದರಮಾವ ಕ್ಯಾಸೆಟ್ ಅಂಗಡಿ ಇಟ್ಟಿದ್ದರು. ಎಂಬತ್ತರ ದಶಕದಲ್ಲಿ ಎಲ್ಲಿ ನೋಡಿದರೂ ಡಿಸ್ಕೋ ಡಿಸ್ಕೋ ಅಂತಿದ್ದರಲ್ಲ, ಅದನ್ನ ನಂಬಿಕೊಂಡು ಬೆಂಗಳೂರಿಂದ ಇಂಗ್ಲಿಷ್ ಡಿಸ್ಕೋ ಹಾಡುಗಳನ್ನೆಲ್ಲ ಗುಡ್ಡೆ ಹಾಕಿದ ಒಂದು ದೊಡ್ಡ ಸೆಟ್ ತಂದರು. ಒಂದು ಡಜನ್ ಕ್ಯಾಸೆಟ್, ಅದಕ್ಕೊಂದು ಮಿರಮಿರ ಮಿಂಚೋ ಪೆಟ್ಟಿಗೆ. ಬಂದವರೆಲ್ಲ ಪೆಟ್ಟಿಗೆ ನೋಡಿ ಆಹಾ ಅಂದು, ಸಿನಿಮಾ ಹಾಡು ತಗೊಂಡು ಹೋದರು. ಕೊನೆಗೆ ಮಾವ ಅದನ್ನ ಶಿಡ್ಲಘಟ್ಟದ ನಮ್ಮನೆಗೆ ತಂದು, "ಕೇಳ್ಕೊಂಡಿರಮ್ಮ, ನಿಂಗೂ ಹೊತ್ತು ಹೋಗಬೇಕಲ್ಲ" ಅಂತ ಕೊಟ್ಟರು.

ಹೊತ್ತು! ಅದೊಂದೇ ತಾನೇ ನನ್ನ ಹತ್ರ ಇದ್ದದ್ದು. ಪಿಯುಸಿ ಪಾಸಾಗಿತ್ತು. ಚಿಕ್ಕಬಳ್ಳಾಪುರದಲ್ಲಿ ಡಿಗ್ರಿಗೆ ಸೇರ್ತೀನಿ ಅಂದರೆ ಅಪ್ಪ, "ದಿನಾ ಬಸ್ಸಲ್ಲಿ ನೇತಾಡ್ಕೊಂಡು ಹೋಗೋದಾ? ನೋಡಿದೋರು ಏನಂತಾರೆ? ಗಂಡ ಓದಿಸಿದ್ರೆ ಓದ್ಕೋ" ಅಂದುಬಿಟ್ಟರು. ಅಪ್ಪಂದು ರೇಷ್ಮೆ ನೂಲು ತೆಗೆಯೋ ಕೆಲಸ. ಹಿತ್ತಲಿಗೆ ಹೋದರೆ ಗೂಡು ಬೇಯೋ ವಾಸನೆ, ಕೆಲಸದ ಗಂಡಸರು. ಬೀದಿ ಬಾಗಿಲಲ್ಲಿ ನಿಂತರೆ ಅಪ್ಪ ಕೆಮ್ಮೋರು. ಉಳಿದಿದ್ದು ನಡುಮನೆ. ಬೆಳಿಗ್ಗೆ ಬೀದಿ ಕೊನೇಲಿ ಚಿಕ್ಕಬಳ್ಳಾಪುರದ ಬಸ್ಸು ಹಾರ್ನ್ ಹಾಕಿದರೆ ಅಳು ಬರೋದು. ಸುಳ್ಳು ಯಾಕೆ ಹೇಳಲಿ.

ಅಲ್ಲೇ ಕೂತು ಡಿಸ್ಕೋ ಕೇಳಿದೆ. ಅರ್ಥ ಒಂದೂ ಆಗ್ತಿರಲಿಲ್ಲ. ಹಾಡೋಳು ಎಲ್ಲೋ ಹೊರಗಡೆ ಇದ್ದಾಳೆ, ಅವಳನ್ನ ಒಳಗೆ ಬಾ ಅನ್ನೋರು ಯಾರೂ ಇಲ್ಲ ಅಂತ ಮಾತ್ರ ಗೊತ್ತಾಗೋದು. ಅಷ್ಟಕ್ಕೇ ಹೊಟ್ಟೆಕಿಚ್ಚು ನನಗೆ. "ಧಡ್ ಧಡ್ ಅಂತ ಅದೇನೇ ಅದು, ತಲೆನೋವು, ಸಣ್ಣಗೆ ಮಾಡು" ಅಂತ ಅಮ್ಮ ಒಳಗಿಂದ ಕೂಗೋಳು. ಸಣ್ಣಗೆ ಮಾಡಿಕೊಂಡು ಕೇಳಿ ಕೇಳಿ ಹಾಡಿಗೆ ಹಾಡೇ ಬಾಯಿಪಾಠ ಆಗಿಹೋಯ್ತು.

ಅಷ್ಟರಲ್ಲಿ ಗೌರಿಬಿದನೂರಿಂದ ಒಂದು ಸಂಬಂಧ ಬಂತು. ಹುಡುಗ ಗುಮಾಸ್ತ. ಹೆಣ್ಣು ನೋಡೋಕೆ ಬಂದೋರು ಒಂದು ಹಾಡು ಹೇಳಮ್ಮ ಅಂತ ಕೇಳೇ ಕೇಳ್ತಾರೆ, ಅದಕ್ಕೇ ಹುಡುಗೀರೆಲ್ಲ ಒಂದು ದೇವರನಾಮ ಕಲ್ತಿಟ್ಕೊಂಡಿರ್ತಾರೆ. ನಾನು ಡಿಸ್ಕೋ ಇಟ್ಕೊಂಡಿದ್ದೆ. ಈ ಹುಡುಗಿ ಕೆಟ್ಟು ಕೆರ ಹಿಡಿದಿದ್ದಾಳೆ ಅಂತ ಎದ್ದು ಹೋಗಲಿ, ಹೋದಲ್ಲೆಲ್ಲ ಹೇಳಲಿ, ಸಂಬಂಧ ಬರೋದೇ ನಿಂತು ಅಪ್ಪ ಬೇರೆ ದಾರಿ ಕಾಣದೆ ಕಾಲೇಜಿಗೆ ಕಳಿಸಲಿ ಅಂತ ನನ್ನ ಯೋಚನೆ.

ಬಂದರು, ಕೂತರು. ಹುಡುಗನ ತಾಯಿ, "ಒಂದು ಪದ ಹೇಳಮ್ಮ" ಅಂದರು. ಕಣ್ಣು ಮುಚ್ಚಿ ಶುರು ಮಾಡಿದೆ ನೋಡಿ! ಇಡೀ ಹಾಡು, ನಡುನಡುವಿನ ಕೂಗಾಟದ ಸಮೇತ. ಚಾಪೆ ಮೇಲೆ ಕೂತಲ್ಲೇ ಭುಜಾನೂ ಕುಣಿಸಿದೆ. ಕಣ್ಣು ಬಿಟ್ಟಾಗ ಅಪ್ಪನ ಮುಖ ಬಿಳಿಚಿಕೊಂಡಿತ್ತು. ಹುಡುಗ ಉಪ್ಪಿಟ್ಟಿನ ಚಮಚ ಬಾಯಲ್ಲೇ ಇಟ್ಕೊಂಡಿದ್ದ. ಗೆದ್ದೆ ಅನ್ಕೊಂಡೆ.

"ಬಾಗುಂದಮ್ಮಾ!" ಅಂದುಬಿಟ್ಟರು ಆ ತಾಯಿ, ಚೆನ್ನಾಗಿದೆ ಅಂತ, ತೆಲುಗಲ್ಲೇ. "ಇಷ್ಟುದ್ದ ಇಂಗ್ಲಿಷು, ಒಂದು ಕಡೇನೂ ತಡವರಿಸಲಿಲ್ಲ. ನಮ್ಮೋನು ಮುಂದೆ ಆಫೀಸರ್ ಆಗೋನು, ಇಂಥವಳನ್ನೇ ಹುಡುಕ್ತಾ ಇದ್ವಿ ಕಣ್ರೀ."

ಅಪ್ಪನಿಗೆ ಹೋದ ಜೀವ ಬಂತು. "ಚಿಕ್ಕಂದಿನಿಂದ್ಲೂ ಅವಳಿಗೆ ಇಂಗ್ಲಿಷ್ ಅಂದ್ರೆ ಪ್ರಾಣ" ಅಂದರು, ಒಂಚೂರೂ ನಾಚಿಕೆ ಇಲ್ಲದೆ. ನಾನು ಇದ್ದ ಧೈರ್ಯವನ್ನೆಲ್ಲ ಕೂಡಿಸಿಕೊಂಡು, "ಮದುವೆ ಆದ್ಮೇಲೆ ಕಾಲೇಜಿಗೆ ಹೋಗ್ತೀನಿ" ಅಂದೆ. ಎಲ್ಲರೂ ನಕ್ಕರು. "ಇಷ್ಟೊಂದು ಬರುತ್ತಲ್ಲಮ್ಮ, ಇನ್ನೇನು ಕಲಿಯೋಕೆ ಹೋಗ್ತೀಯ?" ಅಂದರು ಆ ತಾಯಿ, ಪ್ರೀತಿಯಿಂದಲೇ. ಅಪ್ಪ ಎಲೆ ಅಡಿಕೆ ತರಿಸಿದರು.

ಅಡುಗೆಮನೆಗೆ ಓಡಿಹೋಗಿ ಬಿಕ್ಕಿ ಬಿಕ್ಕಿ ಅಳೋಕೆ ಶುರು ಮಾಡಿದೆ. ಅಮ್ಮ ಕಾಫಿ ಲೋಟ ಜೋಡಿಸ್ತಿದ್ದಳು. ಬೈತಾಳೆ ಅನ್ಕೊಂಡೆ. ಬೈಲಿಲ್ಲ. ಬಾಗಿಲ ಕಡೆ ಒಂದು ಸಲ ನೋಡಿ, ಮೆಲ್ಲಗೆ ಹೇಳಿದಳು:

"ನಿಮ್ಮಪ್ಪ ನನ್ನ ನೋಡೋಕೆ ಬಂದಾಗ ನಾನು ಬೇಕಂತ್ಲೇ ಕುಂಟಿಕೊಂಡು ನಡೆದಿದ್ದೆ ಕಣೇ. ಪಾಪದ ಹುಡುಗಿ, ಮನೆ ಬಿಟ್ಟು ಎಲ್ಲೂ ಹೋಗಲ್ಲ ಅಂತ ಒಪ್ಕೊಂಡ್ರು."