ತೇಪೆ ಕಾಣಬಾರದು

ಟಿವಿ ನಾಟಕಗಳು ಇನ್ನೂ ನೇರಪ್ರಸಾರವಾಗುತ್ತಿದ್ದ ಕಾಲ. ಸ್ಟುಡಿಯೋದಲ್ಲಿ ಆಡಿದ್ದು ಆ ಕ್ಷಣವೇ ಮನೆಮನೆಯಲ್ಲೂ ಕಾಣುತ್ತಿತ್ತು, ತಪ್ಪಿದರೆ ತಿದ್ದುವ ಮಾತೇ ಇಲ್ಲ. ಅಲ್ಲಿನ ಒಬ್ಬ ನಟನನ್ನು ಎಲ್ಲರೂ ಕರೆಯುತ್ತಿದ್ದದ್ದು ತೇಪೆಯಣ್ಣ ಎಂದು. ವರ್ಷಗಟ್ಟಲೆ ಗುಮಾಸ್ತ, ಪೊಲೀಸ್, ಬಾಗಿಲು ತೆಗೆಯುವ ಆಳು, ಇಂಥವೇ ಪಾತ್ರ. ಆದರೆ ನಾಯಕ ಮಾತು ಮರೆತು ಬೆಬ್ಬೆಬ್ಬೆ ಎಂದಾಗ ಏನೋ ಒಂದು ಹೊಸೆದು ಮಾನ ಉಳಿಸುತ್ತಿದ್ದವನು ಅವನೇ. "ಏನೇ ಆಗ್ಲಿ, ನಾಟಕ ನಿಲ್ಲಬಾರ್ದು. ತೇಪೆ ಹಾಕಿದ್ದು ನೋಡೋರಿಗೆ ಕಾಣಬಾರ್ದು," ಎಂದು ಹೊಸಬರ ಕಿವಿ ಹಿಂಡಿ ಕಲಿಸುತ್ತಿದ್ದ.

ಕೊನೆಗೂ ಒಂದು ದೊಡ್ಡ ಪಾತ್ರ ಬಂತು: ಮೊದಲಿಂದ ಕೊನೆಯವರೆಗೂ ನಿಂತೇ ಗದರುವ, ಗತ್ತಿನ ಡಾಕ್ಟರು. ಅವನು ಮನೆಯಲ್ಲಿ ಅಭ್ಯಾಸ ಮಾಡುವುದನ್ನು ತರಕಾರಿ ಹೆಚ್ಚುತ್ತ ಕೇಳಿ ಕೇಳಿ ಹೆಂಡತಿಗೂ ಆ ಪಾತ್ರ ಬಾಯಿಪಾಠವಾಗಿತ್ತು.

ಪ್ರಸಾರದ ದಿನ ಬೆಳಿಗ್ಗೆ ಶೂ ಕಟ್ಟಲು ಬಗ್ಗಿದವನು ಎದೆ ಹಿಡಿದುಕೊಂಡು ಅಲ್ಲೇ ಕುಸಿದ.

"ನಿರ್ದೇಶಕರಿಗೆ ಹೇಳಿಬಿಡ್ರೀ. ಬೇರೆ ಯಾರಾದ್ರೂ ಮಾಡ್ತಾರೆ," ಎಂದಳು ಹೆಂಡತಿ.

"ಮಾಡ್ತಾರೆ. ಆಮೇಲೆ ನಾನು ಸಾಯೋತನಕ ಬಾಗಿಲು ತೆಗೀತಾ ಇರ್ತೀನಿ. ಒಂದು ಸಂಜೆ ತಾನೆ, ಬಿಡೇ."

ಅವಳು ಜಗಳ ಆಡಲಿಲ್ಲ. ಆಡಬೇಕಿತ್ತು, ಆದರೆ ಅವನ ಮುಖದಲ್ಲಿದ್ದ ಆಸೆ ನೋಡಿ ತಾನೇ ಬಗ್ಗಿ ಶೂ ಕಟ್ಟಿಕೊಟ್ಟಳು.

ಸಂಜೆ ಪಕ್ಕದ ಮನೆಯ ಟಿವಿ ಮುಂದೆ ಕೂತಳು. ಡಾಕ್ಟರು ಬಂದರು, ದನಿ ಗಟ್ಟಿಯಾಗಿಯೇ ಇತ್ತು. ಅವಳ ತುಟಿಯೂ ಜೊತೆಗೇ ಆಡುತ್ತಿತ್ತು. ಎರಡನೆಯ ಅಂಕದಲ್ಲಿ, ಕಿಟಕಿಯ ಬಳಿ ನಿಂತು ಬೈಯಬೇಕಾದವನು ಮೆಲ್ಲಗೆ ಕುರ್ಚಿ ಹಿಡಿದು ಕೂತುಬಿಟ್ಟ. ಆ ಡಾಕ್ಟರು ನಾಟಕದಲ್ಲಿ ಎಲ್ಲೂ ಕೂರುವುದಿಲ್ಲ.

ಅವನ ತಲೆ ಎದೆಗೆ ವಾಲಿತು. ಕುರ್ಚಿ ಕ್ಯಾಮೆರಾದ ಎದುರಿಗೇ ಇತ್ತು, ಕ್ಯಾಮೆರಾ ಹಿಂದಿನವರು ಯಾರೂ ಹತ್ತಿರ ಹೋಗುವಂತಿರಲಿಲ್ಲ. ನಾಯಕನಾಗಿದ್ದವನು ಅವನದೇ ಶಿಷ್ಯ. ಒಂದು ಗಳಿಗೆ ತಡವರಿಸಿ, ತನ್ನ ಕೋಟು ಬಿಚ್ಚಿ ಹೊದಿಸಿ, "ಪಾಪ, ಡಾಕ್ಟರು ನಿದ್ದೆಗೆಟ್ಟಿದಾರೆ, ಮಲಗ್ಲಿ," ಎಂದ. ಡಾಕ್ಟರು ಬೈಯಬೇಕಾದದ್ದನ್ನೆಲ್ಲ ತನಗೆ ತಾನೇ ಬೈದುಕೊಂಡು ಕಥೆ ಮುಂದೆ ಸಾಗಿಸಿದ.

"ಯಾರಾದ್ರೂ ನಿಲ್ಲಿಸ್ರಪ್ಪಾ," ಎಂದಳು ಇವಳು.

"ಸುಮ್ನಿರಿ, ನಾಟಕ ತಾನೆ," ಎಂದರು ಪಕ್ಕದ ಮನೆಯಾಕೆ, ಟಿವಿಯಿಂದ ಕಣ್ಣು ಕೀಳದೆ.

ಇವಳು ಬರಿಗಾಲಲ್ಲಿ ಓಡಿದಳು. ಸ್ಟುಡಿಯೋ ಮುಟ್ಟುವಷ್ಟರಲ್ಲಿ ನಾಟಕ ಸಾಂಗವಾಗಿ ಮುಗಿದಿತ್ತು. ಅವನನ್ನು ನೆಲದ ಮೇಲೆ ಮಲಗಿಸಿದ್ದರು. ಕೋಟು ಈಗ ಮುಖದ ಮೇಲಿತ್ತು. ಬಣ್ಣ ಕೂಡ ಒರೆಸಿಕೊಳ್ಳದ ಶಿಷ್ಯ ಅವಳ ಕಾಲ ಬಳಿ ಕುಸಿದು ಕೇಳಿದ:

"ಅತ್ತಿಗೆ, ತೇಪೆ ಕಾಣಿಸ್ಲಿಲ್ಲ ತಾನೆ?"