ಕಾಕಾನ ದನಿ ಟಿವಿಯಲ್ಲಿ ಬಂದಾಗ

ಸೇಡಂನ ಗುಜರಿ ಅಂಗಡಿಯಲ್ಲಿ ಇವತ್ತು ಮರದ ಬಾಗಿಲಿದ್ದ, ಚಿಕ್ಕಂದಿನಲ್ಲಿ ನಮ್ಮ ಮನೆಯಲ್ಲಿದ್ದಂಥದೇ ಹಳೇ ಟಿವಿಯೊಂದನ್ನು ಕಂಡೆ.

ನಮ್ಮ ಕಾಕಾ, ಅಂದರೆ ಅಪ್ಪನ ತಮ್ಮ, ಮದ್ರಾಸಿನಲ್ಲಿ ಇಪ್ಪತ್ತು ವರ್ಷ ಸಿನಿಮಾಗಳಲ್ಲಿ ಸಣ್ಣಪುಟ್ಟ ಪಾತ್ರ ಮಾಡಿದವರು. ಕೊನೆಗೊಮ್ಮೆ ಟಿವಿ ಧಾರಾವಾಹಿಯಲ್ಲಿ ದೊಡ್ಡ ಪಾತ್ರ ಸಿಕ್ಕಿತು. ಚಿತ್ರೀಕರಣ ಮುಗಿದ ತಿಂಗಳಲ್ಲೇ ಲಕ್ವಾ ಹೊಡೆದು ಮಾತು ಹೋಯಿತು. ಊರಿಗೆ ಮರಳಿದರು.

ಮೊದಲ ಕಂತು ಬಂದ ಸಂಜೆ ಓಣಿಯವರೆಲ್ಲ ನಮ್ಮ ಪಡಸಾಲೆಯಲ್ಲಿದ್ದರು. ಟಿವಿಯಲ್ಲಿ ಕಾಕಾ ಜಮೀನ್ದಾರನಾಗಿ ಗುಡುಗಿದರು. ನಾನು ಕುಣಿಯುತ್ತ ಅವರ ಮಂಚದ ಬಳಿ ಹೋಗಿ, "ಕಾಕಾ, ಹಂಗೇ ಒಮ್ಮಿ ಅನ್ರಿ!" ಎಂದೆ.

ಅವರು ಬಾಯಿ ತೆರೆದರು. ಕುತ್ತಿಗೆಯ ನರ ಉಬ್ಬಿತು. ಜೊಲ್ಲಷ್ಟೇ ಇಳಿಯಿತು.

ಅಜ್ಜಿ ಸೆರಗಿನಿಂದ ಕಾಕಾನ ಬಾಯಿ ಒರೆಸಿ, "ಇರ್ಲಿ ಮಗಾ, ಭಾಳ ಚಂದ ಅಂದಿ, ಎಲ್ಲಾರೂ ಕೇಳ್ಯಾರ" ಎಂದಳು.

ಮರುವಾರ "ಟಿವಿ ಹಚ್ಚಬ್ಯಾಡ್ರಿ" ಎಂದು ನಾನು ಅತ್ತೆ. ಕಾಕಾನೇ ಸನ್ನೆ ಮಾಡಿ ಹಚ್ಚಿಸಿದರು. ಕಡೆಯ ಕಂತಿನವರೆಗೂ ಕಣ್ಣು ಮುಚ್ಚಿ ತಮ್ಮ ದನಿ ಕೇಳಿದರು.

ಈಗ ನನಗೆ ಆಗಿನ ಅಜ್ಜಿಯ ವಯಸ್ಸು. ಆ ಸಂಜೆ ಕಾಕಾನಿಗೆ ನಾನು ಏನು ಹೇಳಬೇಕಿತ್ತೆಂದು ಇನ್ನೂ ತಿಳಿದಿಲ್ಲ.