ಅಡ್ಡಬಾಯಿ ಹಾಕುವವರು ಸುಮ್ಮನಿದ್ದ ಭಾನುವಾರ

ನಮ್ಮ ಚಿಕ್ಕಪ್ಪ ಹೇಳುವ ಚರಿತ್ರೆಯಲ್ಲಿ ಈಗೀಗ ಯಾರಿಗೂ ಹೆಸರಿಲ್ಲ. ಚಕ್ರವರ್ತಿ ಎಂದರೆ ‘ಆ ಮೀಸೆಯವನು’, ಮಂತ್ರಿ ಎಂದರೆ ‘ಅವನ ಕಿವಿ ಕಚ್ಚುತ್ತಿದ್ದವನು’. ಹೋದ ವರ್ಷ ದಸರಾ ಕಳೆದ ಮೇಲೆ ಅವರಿಗೆ ಸಣ್ಣದೊಂದು ಸ್ಟ್ರೋಕ್ ಆಯಿತು. ಕೈಕಾಲು ಹದಿನೈದು ದಿನಕ್ಕೆ ಸ್ವಾಧೀನಕ್ಕೆ ಬಂದವು. ಮಾತೂ ಬಂತು, ಆದರೆ ಬರುವಾಗ ಜನರ ಹೆಸರುಗಳನ್ನೆಲ್ಲ ದಾರಿಯಲ್ಲೇ ಬಿಟ್ಟು ಬಂತು. ಹೈಸ್ಕೂಲಿನಲ್ಲಿ ಮೂವತ್ತು ಚಿಲ್ಲರೆ ವರ್ಷ ಚರಿತ್ರೆ ಪಾಠ ಮಾಡಿದವರಿಗೆ ಅದೆಂಥ ಕಷ್ಟವೆಂದು ನೀವೇ ಊಹಿಸಿ.

ಅದಕ್ಕೆ ಮುಂಚೆ, ಬನಶಂಕರಿ ಎರಡನೇ ಹಂತದ ಅವರ ಮನೆಯ ಪೋರ್ಟಿಕೊದಲ್ಲಿ ಪ್ರತಿ ಭಾನುವಾರ ಹತ್ತು ಗಂಟೆಗೆ ಒಂದು ಕಥೆ ನಡೆಯುತ್ತಿತ್ತು. ಕಾರನ್ನು ರಸ್ತೆಗೆ ತಳ್ಳಿ, ಹನ್ನೆರಡು ಕುರ್ಚಿ ಹಾಕುತ್ತಿದ್ದರು. ಬರುವವರೆಲ್ಲ ರಿಟೈರಾದವರೇ. ನಾನು ಜೆ.ಪಿ. ನಗರದಿಂದ ತಿಂಗಳಿಗೆ ಎರಡು ಸಲವಾದರೂ ಬರುತ್ತಿದ್ದೆ. ಕಥೆಗೆ ಎಷ್ಟೋ, ಚಿಕ್ಕಮ್ಮನ ಕೋಡುಬಳೆಗೂ ಅಷ್ಟೇ. ಮುಂದಿನ ಸಾಲಿನ ಮೊದಲ ಕುರ್ಚಿ ರೈಲ್ವೆಯವರದ್ದು. ಅವರು ಸಿಗ್ನಲ್ ವಿಭಾಗದಲ್ಲಿದ್ದು ನಿವೃತ್ತರಾದವರು, ಗಿರಿನಗರದಿಂದ ನಡೆದೇ ಬರುತ್ತಿದ್ದರು. ಮಿಕ್ಕವರೆಲ್ಲ ಕಥೆಗೆ ‘ಹೂಂ’ ಎನ್ನುತ್ತಿದ್ದರೆ ಇವರೊಬ್ಬರು ‘ಊಹೂಂ’ ಎನ್ನುತ್ತಿದ್ದರು. “ಸಾರ್, ಇದು ಆಗೋಹೋಗೋ ಮಾತಲ್ಲ” ಎಂದು ಅಡ್ಡಬಾಯಿ ಹಾಕಿದರೆಂದರೆ ಚಿಕ್ಕಪ್ಪನಿಗೆ ರೇಗುತ್ತಿತ್ತು. ಪಾಣಿಪತ್ತಿನಲ್ಲಿ ಆನೆಗಳಿಗೆ ನೀರು ಎಲ್ಲಿಂದ ಬಂತು ಎಂಬುದರ ಮೇಲೆ ಇಬ್ಬರೂ ಒಂದು ಸಲ ಮಧ್ಯಾಹ್ನದ ಊಟ ಮರೆತಿದ್ದರು.

ಸ್ಟ್ರೋಕ್ ಆದಮೇಲೆ ನಾಲ್ಕು ತಿಂಗಳು ಪೋರ್ಟಿಕೊದಲ್ಲಿ ಕಾರೇ ನಿಂತಿತ್ತು. ಮಾತಾಡಿದಷ್ಟೂ ನಾಲಿಗೆ ತಿರುಗುತ್ತದೆ ಎಂದು ಡಾಕ್ಟರು ಹೇಳಿದ್ದರು. ಚಿಕ್ಕಪ್ಪ ಮಾತ್ರ ಹಾಲಿನವನ ಹತ್ತಿರವೂ ಬೆರಳಿನಲ್ಲೇ ಲೀಟರು ಲೆಕ್ಕ ತೋರಿಸುತ್ತಿದ್ದರು. ಚಿಕ್ಕಮ್ಮನ ಒತ್ತಾಯ ತಡೆಯಲಾರದೆ ಕಡೆಗೊಂದು ದಿನ ನನ್ನನ್ನು ಕರೆದು, ತಡೆತಡೆದು ಹೇಳಿದರು.

“ಒಂದ್ಸಲ ಕೂರ್ತೀನಿ ಕಣೇ. ಆ ಮುಚ್ಚಿದ ರೈಲಿನ ಕಥೆ ಹೇಳ್ತೀನಿ. ಅದನ್ನ ನಿದ್ದೆಯಲ್ಲೂ ಹೇಳಿದೀನಿ. ಅದೂ ಮಧ್ಯದಲ್ಲಿ ನಿಂತ್ಹೋದ್ರೆ ಅಲ್ಲಿಗೆ ಮುಗೀತು. ಆಮೇಲೆ ಕೂರು ಅಂತ ನೀವ್ಯಾರೂ ಕೇಳ್ಬಾರ್ದು.”

ಎಲ್ಲರಿಗೂ ಫೋನ್ ಮಾಡಿ ಬರಹೇಳುವ ಕೆಲಸ ನನ್ನ ಪಾಲಿಗೆ ಬಂತು. ನಾನು ಅಷ್ಟು ಮಾಡಿ ಸುಮ್ಮನಿರಲಿಲ್ಲ. ರೈಲ್ವೆಯವರಿಗೆ ಒಂದು ಮಾತು ಹೆಚ್ಚು ಹೇಳಿದೆ.

“ಸಾರ್, ತಪ್ಪು ತಿಳ್ಕೋಬೇಡಿ. ಈ ಸಲ ನಡುವೆ ಏನೂ ಕೇಳ್ಬೇಡಿ. ಅವರಿಗೆ ಗಾಬರಿಯಾದ್ರೆ ಕಷ್ಟ.”

“ನಾನು ಬರೋದು ಬೇಡ್ವೇನಮ್ಮ?”

“ಅಯ್ಯೋ ಬನ್ನಿ ಸಾರ್. ಸುಮ್ನೆ ಕೇಳಿ ಅಷ್ಟೇ.”

“ಆಯ್ತು. ಬಾಯಿಗೆ ಬೀಗ ಹಾಕ್ಕೊಂಡೇ ಬರ್ತೀನಿ.”

ಫೋನಿಟ್ಟ ಮೇಲೆ ದೊಡ್ಡ ಉಪಕಾರ ಮಾಡಿದೆನೆಂದೇ ಅಂದುಕೊಂಡೆ.

ಆ ಭಾನುವಾರ ಎಲ್ಲರೂ ಹತ್ತು ನಿಮಿಷ ಮುಂಚೆಯೇ ಬಂದರು. ಚಿಕ್ಕಪ್ಪ ಇಸ್ತ್ರಿ ಮಾಡಿದ ಬಿಳಿ ಶರ್ಟು ಹಾಕಿಕೊಂಡು ಕೂತರು. ಶುರುವಿನಲ್ಲಿ ಮಾತು ನಿಧಾನವಾಗಿತ್ತು, ಆಮೇಲೆ ಹದಕ್ಕೆ ಬಂತು. ಮೊದಲನೇ ಮಹಾಯುದ್ಧದ ಕಾಲ. ಜರ್ಮನಿಯವರಿಗೆ ಎರಡು ಕಡೆಯೂ ಯುದ್ಧ, ಒಂದು ಕಡೆ ರಷ್ಯಾ, ಇನ್ನೊಂದು ಕಡೆ ಫ್ರಾನ್ಸು, ಇಂಗ್ಲೆಂಡು. ಅದೇ ಹೊತ್ತಿಗೆ ರಷ್ಯಾದಿಂದ ಗಡೀಪಾರಾದ ಒಬ್ಬ ಬೋಳುತಲೆಯವನು ಸ್ವಿಟ್ಜರ್ಲೆಂಡಿನಲ್ಲಿ ಬಾಡಿಗೆ ಕೋಣೆ ಹಿಡಿದು ಹೆಂಡತಿಯೊಡನೆ ಇದ್ದ. ಹಿತ್ತಲಲ್ಲೇ ಮಾಂಸದ ಕಾರ್ಖಾನೆ. ವಾಸನೆಗೆ ಹಗಲು ಕಿಟಕಿ ತೆಗೆಯುವಂತಿಲ್ಲ. ರಷ್ಯಾದಲ್ಲಿ ರಾಜ ಪಟ್ಟ ಬಿಟ್ಟನೆಂಬ ಸುದ್ದಿ ಬಂತು. ಇವನಿಗೆ ಕೂತಲ್ಲಿ ಕೂರಲಾಗದು. ಹೋಗೋಣವೆಂದರೆ ನಡುವೆ ಜರ್ಮನಿ, ತನ್ನ ದೇಶದ ಶತ್ರು.

“ಜರ್ಮನಿಯವರು ಯೋಚನೆ ಮಾಡಿದ್ರು,” ಎಂದರು ಚಿಕ್ಕಪ್ಪ. “ಈ ಮನುಷ್ಯ ಯುದ್ಧ ಸಾಕು ಅಂತಾನೆ. ಅಲ್ಲಿರೋ ಹೊಸ ಸರ್ಕಾರನೂ ಬೇಡ ಅಂತಾನೆ. ಇವನನ್ನ ನಾವೇ ಕಳಿಸಿಕೊಟ್ರೆ ಹೆಂಗೆ? ಅವರ ಮನೇಲಿ ಜಗಳ ಹತ್ತಿದ್ರೆ ನಮ್ಮ ಒಂದು ಕಡೆ ಯುದ್ಧ ನಿಲ್ಲುತ್ತೆ. ಆದ್ರೆ ನಮ್ಮ ದೇಶದಲ್ಲಿ ಇಳಿದು ನಮ್ಮ ಜನದ ತಲೆ ಕೆಡಿಸ್ಬಾರ್ದಲ್ಲ? ಅದಕ್ಕೇ ಡಬ್ಬಿ ಬಾಗಿಲು ಮುಚ್ಚಿದ್ರು. ಡಬ್ಬಿ ಒಳಗೆ ಸೀಮೆಸುಣ್ಣದಲ್ಲಿ ಒಂದು ಗೆರೆ. ಆ ಕಡೆ ಜರ್ಮನಿ ಅಧಿಕಾರಿಗಳು, ಈ ಕಡೆ ಇವನು, ಇವನ ಜೊತೆಗಾರರು.”

ಬೋಳುತಲೆಯವನಿಗೆ ಸಿಗರೇಟು ಹೊಗೆ ಕಂಡರಾಗದು. ಸೇದುವವರು ಪಾಯಿಖಾನೆಯಲ್ಲಿ ಸೇದಬೇಕೆಂದು ಹೇಳಿದ. ಅವರು ಒಳಗೆ ಹೋದವರು ಹೊರಗೇ ಬಾರದಾದರು. ಬಾಗಿಲಲ್ಲಿ ಸಾಲು ಬೆಳೆಯಿತು. ಆಗ ಅವನೇ ಕಾಗದ ಹರಿದು ಚೀಟಿ ಮಾಡಿ ಹಂಚಿದನಂತೆ, ನಿಜವಾದ ಅವಸರಕ್ಕೆ ಒಂದು ಬಗೆ, ಸೇದುವವರಿಗೆ ಇನ್ನೊಂದು ಬಗೆ.

“ನಮ್ಮನೇಲಿ ಮದುವೆಗೆ ನೆಂಟರು ಬಂದಾಗ ಇದು ತಿಳಿದಿದ್ರೆ ಚೆನ್ನಾಗಿತ್ತು” ಎಂದು ಬಾಗಿಲಲ್ಲಿ ನಿಂತಿದ್ದ ಚಿಕ್ಕಮ್ಮ ಅಂದರು. ಎಲ್ಲರೂ ನಕ್ಕರು. ಚಿಕ್ಕಪ್ಪನೂ ನಕ್ಕರು.

ನಗು ನಿಂತಿತು. “ಆಮೇಲೆ ರೈಲು…” ಎಂದರು. ಬಾಯಿ ತೆರೆದೇ ಇತ್ತು. “ರೈಲು… ಅಲ್ಲಿಂದ…”

ನಮ್ಮ ಕಡೆಯ ಜನರ ಮರ್ಯಾದೆ ಗೊತ್ತಲ್ಲ, ಒಬ್ಬರು ಚಪ್ಪಲಿ ನೋಡಿಕೊಂಡರು, ಒಬ್ಬರು ಕನ್ನಡಕ ಒರೆಸಿದರು. ಚಿಕ್ಕಪ್ಪನ ಬಲಗೈ ಕುರ್ಚಿಯ ಹಿಡಿಯನ್ನು ಸವರುತ್ತಿತ್ತು. ನಾನು ಸಹಾಯ ಮಾಡೋಣವೆಂದು “ರಷ್ಯಾಕ್ಕೆ ಹೋಯ್ತಲ್ಲ ಚಿಕ್ಕಪ್ಪ” ಎಂದೆ. ಅವರು ನನ್ನ ಕಡೆ ನೋಡಿದ ರೀತಿ ಈಗಲೂ ನೆನಪಿದೆ. ಪರೀಕ್ಷೆಯಲ್ಲಿ ಪಕ್ಕದವರು ಉತ್ತರ ಪಿಸುಗುಟ್ಟಿದಾಗ ಒಳ್ಳೆಯ ವಿದ್ಯಾರ್ಥಿ ನೋಡುತ್ತಾನಲ್ಲ, ಹಾಗೆ. ಕೈಯೂರಿ ಏಳಲು ಹೊರಟರು.

ನನ್ನ ಕಣ್ಣು ರೈಲ್ವೆಯವರ ಮೇಲೆ ಬಿತ್ತು. ತುಟಿ ಬಿಗಿಹಿಡಿದು ನನ್ನನ್ನೇ ನೋಡುತ್ತಿದ್ದರು. ಕೇಳಿ ಎಂಬಂತೆ ನಾನು ತಲೆಯಾಡಿಸಿದೆ.

“ಸಾರ್, ಇದು ಆಗೋಹೋಗೋ ಮಾತಲ್ಲ,” ಎಂದರು ಅವರು, ದೊಡ್ಡ ದನಿಯಲ್ಲಿ. “ಜರ್ಮನಿ ಗೇಜೇ ಬೇರೆ, ರಷ್ಯಾ ಗೇಜೇ ಬೇರೆ. ರಷ್ಯಾದ ಹಳಿ ಅಗಲ. ಈ ಡಬ್ಬಿ ಆ ಹಳಿ ಮೇಲೆ ನಿಲ್ಲೋದೇ ಇಲ್ಲ. ನಾನು ಸರ್ವೀಸೆಲ್ಲ ಹಳಿ ನೋಡಿದವನು, ನನಗೆ ಕಿವಿಗೆ ಹೂವು ಇಡ್ಬೇಡಿ.”

ಚಿಕ್ಕಪ್ಪ ಅರ್ಧ ಎದ್ದವರು ಹಾಗೇ ನಿಂತರು.

“ಯಾರ್ರೀ ಹೇಳಿದ್ದು ಅದೇ ಡಬ್ಬಿ ಹೋಯ್ತು ಅಂತ?”

“ಮತ್ತೆ? ಮುಚ್ಚಿದ ರೈಲು, ಮುಚ್ಚಿದ ರೈಲು ಅಂದ್ರಿ.”

“ಜರ್ಮನಿ ದಾಟೋವರೆಗೆ ಕಣ್ರೀ ಅದು. ಪೂರ್ತಿ ಕೇಳೋ ತಾಳ್ಮೆ ಬೇಕು. ಉತ್ತರಕ್ಕೆ ಸಮುದ್ರದ ತನಕ ರೈಲು. ಅಲ್ಲಿಂದ ಹಡಗು. ಸ್ವೀಡನ್ ಇಳಿದ್ರು. ಆಮೇಲೆ ಮೇಲೆ, ಮೇಲೆ, ಹಿಮ ಬೀಳೋ ಗಡಿ ತನಕ ಅವರ ರೈಲು. ಅಲ್ಲಿ ಗಡಿ ದಾಟೋಕ್ಕೆ ಆ… ಅದು… ಹಿಮದ ಮೇಲೆ ಕುದುರೆ ಎಳೀತದಲ್ಲ…”

“ಟ್ರಾಲಿನಾ?”

“ಟ್ರಾಲಿ ಅಂತೆ. ಬರೀ ರೈಲ್ವೆ ಬುದ್ಧಿ. ಚಕ್ರ ಇಲ್ಲದ್ದು ಸ್ವಾಮಿ, ಜಾರುಬಂಡಿ. ಅದರಲ್ಲಿ ಫಿನ್ಲೆಂಡಿಗೆ ಬಂದ್ರು. ಅಲ್ಲಿಂದ ಮುಂದೆ ನಿಮ್ಮ ಅಗಲದ ಹಳಿ. ಸಮಾಧಾನ ಆಯ್ತಾ?”

ಅಷ್ಟು ಹೇಳುವಷ್ಟರಲ್ಲಿ ಚಿಕ್ಕಪ್ಪ ಮತ್ತೆ ಕೂತಿದ್ದರು. ಕಥೆ ಮುಂದೆ ನಡೆಯಿತು. ಬೋಳುತಲೆಯವನು ಊರಿನ ಸ್ಟೇಷನ್ನಿನಲ್ಲಿ ಇಳಿದು ಭಾಷಣ ಮಾಡಿದ್ದು, ಜರ್ಮನಿಯ ಕೂಲಿಯಾಳೆಂದು ಅವನನ್ನು ಜನ ಆಡಿಕೊಂಡದ್ದು, ಆ ವರ್ಷ ಮುಗಿಯುವ ಮುಂಚೆ ಅವನ ಕಡೆಯವರೇ ಸರ್ಕಾರ ಹಿಡಿದದ್ದು. ಯುದ್ಧವೂ ಆ ಕಡೆ ನಿಂತಿತು.

“ಹಾಗಾದ್ರೆ ಜರ್ಮನಿಯವರ ಲೆಕ್ಕ ಸರಿಯಾಯ್ತು ಬಿಡಿ” ಎಂದರು ರೈಲ್ವೆಯವರು.

“ಏನು ಸರಿಯಾಯ್ತು? ರೈಲು ಹತ್ತಿಸಿ ಒಂದೂವರೆ ವರ್ಷ ಆಗಿತ್ತೋ ಇಲ್ವೋ, ಜರ್ಮನಿಯವರ ಊರಲ್ಲೇ ದಂಗೆ ಎದ್ದು ಆ ಮೀಸೆ ಚಕ್ರವರ್ತಿ ಪಕ್ಕದ ದೇಶಕ್ಕೆ ಓಡಬೇಕಾಯ್ತು. ಇವನನ್ನ ನಾವು ಬಳಸ್ಕೊಂಡ್ವಿ ಅಂತ ಅವರು, ಅವರನ್ನ ನಾನು ಬಳಸ್ಕೊಂಡೆ ಅಂತ ಇವನು. ಮಧ್ಯೆ ಸತ್ತೋರು ಯಾರು ಅಂತ ಕೇಳಿ, ಅದನ್ನ ಕೇಳೋದಿಲ್ಲ ನೀವು.”

“ಅದನ್ನೇ ಕೇಳೋಣಾಂತಿದ್ದೆ ಸಾರ್, ನೀವೇ ಹೇಳ್ಬಿಟ್ರಿ.”

ಹನ್ನೊಂದೂವರೆಗೆ ಎಲ್ಲರೂ ಎದ್ದು ಹೊರಟರು. ರೈಲ್ವೆಯವರು ಹೋಗುವಾಗ ನಾನು ಅವರ ಮುಖ ನೋಡುವ ಧೈರ್ಯ ಮಾಡಲಿಲ್ಲ.

ಒಳಗೆ ಬಂದಾಗ ಚಿಕ್ಕಪ್ಪ ಶರ್ಟು ಬಿಚ್ಚಿ ಫ್ಯಾನಿನ ಕೆಳಗೆ ಕೂತಿದ್ದರು. ಮುಖ ಅರಳಿತ್ತು, ಆದರೂ ಏನೋ ಕೊರೆಯುತ್ತಿದ್ದಂತಿತ್ತು.

“ಆ ಮನುಷ್ಯ ಅಷ್ಟು ಹೊತ್ತು ಯಾಕೆ ಸುಮ್ನಿದ್ದ?” ಎಂದು ಕೇಳಿದರು. “ಸೀಮೆಸುಣ್ಣದ ಗೆರೆಗಾದ್ರೂ ತಗಾದೆ ತೆಗೀಬೇಕಿತ್ತು. ಒಂದೂ ಮಾತಿಲ್ಲ. ನನ್ನ ಮಾತು ತೊದಲಿ ಯಾರಿಗೂ ತಿಳೀತಾ ಇಲ್ವೇನೋ ಅಂದ್ಕೊಂಡೆ. ಅದಕ್ಕೇ ಎದೆ ಹೊಡ್ಕೊಂಡು ಎಲ್ಲ ಮರೆತುಹೋಯ್ತು.”

ನಾನು ಮಾಡಿದ ಫೋನಿನ ವಿಷಯ ಒಪ್ಪಿಕೊಂಡೆ. ಬೈಯುತ್ತಾರೆಂದುಕೊಂಡಿದ್ದೆ.

“ನನ್ನನ್ನ ಗಾಜಿನ ಸಾಮಾನು ಮಾಡ್ಬಿಟ್ಯಲ್ಲೇ” ಎಂದರು. ಆಮೇಲೆ, “ಹಾಕು ಫೋನು ಅವರಿಗೆ. ನಾನೇ ಮಾತಾಡ್ತೀನಿ.”

ಸ್ಟ್ರೋಕ್ ಆದಮೇಲೆ ಅವರು ಫೋನು ಮುಟ್ಟಿದ್ದು ಅದೇ ಮೊದಲು. ಎದುರಿನ ಮುಖ ಕಾಣದಿದ್ದರೆ ಮಾತು ಇನ್ನೂ ಕಷ್ಟ ಎನ್ನುತ್ತಿದ್ದರು. ಸ್ಪೀಕರಿಗೆ ಹಾಕಿ ಕೈಗೆ ಕೊಟ್ಟೆ.

“ಏನ್ರೀ, ಮನೆ ಸೇರಿದ್ರಾ? ಇನ್ಮೇಲೇನಾದ್ರೂ ನನ್ನ ಕಥೇಲಿ ಬಾಯಿ ಮುಚ್ಕೊಂಡು ಕೂತ್ರೆ ಒಳಗೆ ಬಿಡಲ್ಲ.”

“ಅಲ್ಲ ಸಾರ್, ನಾನೇ ಮಾಡೋಣಾಂತಿದ್ದೆ,” ಎಂದಿತು ಆ ಕಡೆಯ ದನಿ. “ದಾರೀಲಿ ಯೋಚ್ನೆ ಬಂತು. ಆ ಕಾಲಕ್ಕೇ ಡಬ್ಬಿಗಳನ್ನೇ ಹೊತ್ಕೊಂಡು ಹೋಗೋ ಹಡಗು ಇತ್ತು. ಹಡಗಲ್ಲೇ ಹಳಿ. ನೀವು ಜನ ರೈಲಿಳಿದು ಹಡಗು ಹತ್ತಿದ್ರು ಅಂದ್ರಲ್ಲ, ಅದಕ್ಕೆ ಆಧಾರ ಏನು?”

“ಆಧಾರ ಕೇಳ್ತಾರೆ ಇವರು ನನ್ನ,” ಎಂದು ಚಿಕ್ಕಪ್ಪ ನನಗೆ ಹೇಳಿ, ಫೋನನ್ನು ಬಾಯಿಗೆ ಇನ್ನೂ ಹತ್ತಿರ ಹಿಡಿದರು. “ಕೇಳಿ ಇಲ್ಲಿ…”

ಚಿಕ್ಕಮ್ಮ ತಟ್ಟೆಗೆ ಅನ್ನ ಬಡಿಸಿ ತಂದಿದ್ದರು. ಚಿಕ್ಕಪ್ಪನ ದನಿ ಬೀದಿಗೆ ಕೇಳುವಷ್ಟು ಏರಿತ್ತು. ಚಿಕ್ಕಮ್ಮ ಒಂದು ಗಳಿಗೆ ನಿಂತು ಕೇಳಿಸಿಕೊಂಡರು. ತಟ್ಟೆಯನ್ನು ವಾಪಸು ಒಳಗೆ ಒಯ್ದು, ಮೇಲೊಂದು ತಟ್ಟೆ ಮುಚ್ಚಿಟ್ಟು, “ಬಾರೇ, ನಾವು ಊಟ ಮಾಡೋಣ” ಎಂದು ನನ್ನನ್ನು ಕರೆದರು.